ಎರಡು ನೂರಾ ನಲವತ್ತು ಸಾಲು

ಮಲಪ್ರಭೆಯ ದಂಡೆಯ ಮೇಲೆ ಒಂದು ಸಣ್ಣ ಆಶ್ರಮ. ಅಲ್ಲಿ ನಿರುಪಾದಯ್ಯ ಅನ್ನುವ ಒಬ್ಬ ಹಿರಿಯರಿದ್ದರು. ವಯಸ್ಸು ಎಪ್ಪತ್ತೆಂಟು. ಸುತ್ತಿನ ಹಳ್ಳಿಗಳಿಗೆಲ್ಲ ಅವರು ಅಜ್ಜಾರು.

ಅವರ ಶಿಷ್ಯ ಫಕೀರೇಶ, ಸರ್ಕಾರಿ ಬಸ್ಸಿನ ಕಂಡಕ್ಟರ್. ಅಪ್ಪ ತೀರಿಕೊಂಡ ಮೇಲೆ ಹತ್ತನೆಯ ಇಯತ್ತೆ ಮುಗಿಯುವತನಕ ಆಶ್ರಮದಲ್ಲೇ ಉಂಡು, ಅಜ್ಜಾರ ಬಾಯಿಂದಲೇ ಮಗ್ಗಿ ಕಲಿತವನು. ಈಗ ಅವನಿಗೆ ನಲವತ್ತು. ಹೆಂಡತಿ ದಾಕ್ಷಾಯಣಿ ಮನೆಯಲ್ಲೇ ಕುಪ್ಪಸ ಹೊಲಿಯುತ್ತಿದ್ದಳು. ಎಂಟು ವರ್ಷದ ಒಬ್ಬಳೇ ಮಗಳು, ಸುಕನ್ಯಾ.

ವಾರಕ್ಕೊಮ್ಮೆ ತಪ್ಪದೆ ಬರುತ್ತಿದ್ದ ಫಕೀರೇಶ ಒಂದು ವರ್ಷ ಆ ಕಡೆ ಹಾಯಲಿಲ್ಲ.

ಬಂದ ದಿನ ಅವನ ಕೈಯಲ್ಲಿ ಪೇಡೆಯ ಪೊಟ್ಟಣವಿತ್ತು. ಕಣ್ಣ ಕೆಳಗೆ ಕಪ್ಪು ಕಟ್ಟಿತ್ತು. ಅಜ್ಜಾರು ಮೊದಲು ಕಣ್ಣು ನೋಡಿದರು, ಆಮೇಲೆ ಪೇಡೆ ತಗೊಂಡರು.

"ಎಲ್ಲಿ ಹೋಗಿದ್ಯೋ ತಮ್ಮಾ?"

"ಡಬಲ್ ಡ್ಯೂಟಿ ಅಜ್ಜಾರ. ಮನಿ ತಗೊಂಡ್ನೆಲ್ರಿ, ಗೃಹಪ್ರವೇಶಕ್ಕ ಗೆಳ್ಯಾರ ಹತ್ರ ಕೈಗಡ ಮಾಡಿದ್ದೆ. ಹೋದ ವಾರ ಅದೆಲ್ಲಾ ತೀರಿತು."

"ಛಲೋ ಆತು."

"ಬ್ಯಾಂಕಿನ ಸಾಲಾನೂ ಒಂದ್ ವರ್ಷ ಕಟ್ಟೇನ್ರಿ. ಒಂದ್ ಕಂತೂ ತಪ್ಪಿಸಿಲ್ಲ. ಹತ್ರ ಹತ್ರ ಎರಡು ಲಕ್ಷ ತೀರಿಸಿಬಿಟ್ಟೆ."

ಹಾಗೆ ಹೇಳುವಾಗ ಅವನ ಎದೆ ಸ್ವಲ್ಪ ಉಬ್ಬಿತು. ಅಜ್ಜಾರು ಮೊರದಲ್ಲಿ ಹೆಸರುಕಾಳು ಹಸನು ಮಾಡುತ್ತ ಕೂತಿದ್ದರು. ತಲೆ ಎತ್ತಲಿಲ್ಲ.

"ಇವತ್ತ ಆಶೀರ್ವಾದ ಕೇಳಾಕ ಬಂದೇನ್ರಿ. ಬ್ಯಾಂಕಿನವರು ಇನ್ನೂ ಆರು ಲಕ್ಷ ಕೊಡ್ತಾರಂತ. ನಮ್ಮ ಮನಿ ಮ್ಯಾಲೊಂದು ಖೋಲಿ ಕಟ್ಟಸ್ತೇನಿ."

"ಯಾರಿಗೆ?"

ಫಕೀರೇಶ ನೆಲ ನೋಡಿದ. "ನಿಮಗ್ರಿ."

ಅಜ್ಜಾರ ಕೈ ನಿಂತಿತು.

"ಹೋದ ಮಳೆಗಾಲದಾಗ ಹೊಳಿ ನೀರು ಈ ಮೆಟ್ಟಿಲತನಕ ಬಂದಿತ್ತಂತ. ಬಸ್ಸಿನಾಗ ಯಾರೋ ಮಾತಾಡ್ಕೊಳ್ಳಾಕತ್ತಿದ್ರು. ಆವತ್ತ ನನಗ ಟಿಕೆಟ್ ಹರಿಯಾಕ ಕೈ ಬರ್ಲಿಲ್ಲ. ನೀವು ನನ್ನ ಹತ್ರ ಬಂದುಬಿಡ್ರಿ ಅಜ್ಜಾರ."

ಅಜ್ಜಾರು ಹೊಳೆಯ ಕಡೆ ನೋಡಿದರು. ಆಮೇಲೆ ಮೊಣಕಾಲು ಸವರಿಕೊಂಡು, "ಮಾಳಿಗಿ ಹತ್ತಾಕ ಇವನ್ನೊಂದು ಮಾತು ಕೇಳೀಯೇನು?" ಅಂದರು.

ಫಕೀರೇಶನಿಗೆ ನಗು ಬಂತು. ಕಣ್ಣಲ್ಲಿ ನೀರೂ ಬಂತು.

"ಮನಿಗೆ ಎಷ್ಟು ಬಿತ್ತು?" ಅಜ್ಜಾರು ಕೇಳಿದರು.

"ಹದಿನೆಂಟು ಲಕ್ಷ ಸಾಲ ಆತ್ರಿ."

"ಸಾಲ ಕೇಳಲಿಲ್ಲ. ಮನಿಗೆ ಎಷ್ಟು ಬಿತ್ತು?"

"ಅದ ರೀ, ಹದಿನೆಂಟು."

"ಕಾಗದ ಐತೇನು?"

ಇತ್ತು. ಹೊಸ ಸಾಲಕ್ಕೆ ಬೇಕೆಂದು ಚೀಲದಲ್ಲೇ ಇಟ್ಟುಕೊಂಡಿದ್ದ. ಕಂತಿನ ಪಟ್ಟಿ, ಆರು ಹಾಳೆ. ವರ್ಷದ ಹಿಂದೆ ಮಡಚಿದ ಮಡಿಕೆ ಹಾಗೇ ಇತ್ತು.

ಅಜ್ಜಾರು ಒಳಗೆ ಹೋಗಿ, ಶ್ರಾವಣದಲ್ಲಿ ಪುರಾಣ ಓದುವ ಮರದ ಪೀಠ ಹೊತ್ತು ತಂದರು. ಜಗಲಿಯ ಮೇಲಿಟ್ಟು, ಅದರ ಮೇಲೆ ಆ ಹಾಳೆಗಳನ್ನು ಹರವಿದರು.

"ಕೂಡು. ಓದು."

"ಇದನ್ನ್ರೀ?"

"ಸಾಲ ಮಾಡಿದಾವ ಸಾಲು ಸಾಲೂ ಓದಬೇಕು. ನಾ ಕೇಳ್ತೇನಿ."

ಫಕೀರೇಶ ಚಕ್ಕಳಮಕ್ಕಳ ಹಾಕಿ ಕೂತ. ಚೇಷ್ಟೆ ಅಂದುಕೊಂಡು ಪುರಾಣದ ರಾಗದಲ್ಲೇ ಶುರು ಮಾಡಿದ.

"ಒಂದನೇ ಕಂತು, ಹದಿನಾರು ಸಾವಿರದ ಒಂದು ನೂರಾ ತೊಂಬತ್ತೈದು. ಬಡ್ಡಿಗೆ, ಹದಿಮೂರು ಸಾವಿರದ ಐನೂರು. ಅಸಲಿಗೆ, ಎರಡು ಸಾವಿರದ ಆರು ನೂರಾ ತೊಂಬತ್ತೈದು."

"ಮುಂದ."

"ಎರಡನೇ ಕಂತು, ಹದಿನಾರು ಸಾವಿರದ ಒಂದು ನೂರಾ ತೊಂಬತ್ತೈದು. ಬಡ್ಡಿಗೆ, ಹದಿಮೂರು ಸಾವಿರದ ನಾನೂರಾ ಎಂಬತ್ತು. ಅಸಲಿಗೆ..."

ನಾಲ್ಕನೆಯ ಸಾಲಿಗೆ ರಾಗ ನಿಂತಿತು. ಎಂಟನೆಯ ಸಾಲಿಗೆ ದನಿ ಸಣ್ಣದಾಯಿತು.

ಹನ್ನೆರಡನೆಯ ಸಾಲು ಓದಿದವನು ಬಾಕಿಯ ಅಂಕಿಯ ಮೇಲೆ ಬೆರಳಿಟ್ಟು ಸುಮ್ಮನಾದ.

"ಯಾಕ?"

"ಹದಿನೇಳು ಲಕ್ಷ ಅರವತ್ತಾರು ಸಾವಿರ ಬಾಕಿ ಅಂತೈತ್ರಿ."

"ಹೌದೇನು?"

"ಒಂದು ಲಕ್ಷ ತೊಂಬತ್ನಾಲ್ಕು ಸಾವಿರ ಕಟ್ಟೇನ್ರಿ ನಾನು! ತೀರಿದ್ದು ಬರೇ ಮೂವತ್ತಮೂರು ಚಿಲ್ಲರ ಸಾವಿರ."

ಸಂಜೆ ಡಿಪೋದಲ್ಲಿ ಹಣ ಎಣಿಸುವಾಗ ಹತ್ತು ರೂಪಾಯಿ ಕಡಿಮೆ ಬಂದರೂ ಚೀಲ ತಿರುವಿ ಹಾಕಿ ಹುಡುಕುವವನು ಅವನು. ಈಗ ಹಾಳೆ ತಿರುವಿ ನೋಡಿದ. ಹಿಂದೆ ಏನೂ ಇರಲಿಲ್ಲ.

"ಮೋಸ ಅಜ್ಜಾರ. ಇದು ಮೋಸ."

"ಯಾರು ಬರೆದಾರ ಇದನ್ನ?"

"ಬ್ಯಾಂಕಿನವರು."

"ಕೆಳಗ ಸಹಿ?"

"ನಂದ ರೀ."

"ಅವರು ಬರೆದು ಕೈಯಾಗ ಕೊಟ್ಟಾರ. ಮಡಿಕಿ ಬಿಚ್ಚಲಾರದಾವ ನೀ. ಇದರಾಗ ಮೋಸ ಯಾರದು?"

ಫಕೀರೇಶನ ಕಿವಿ ಕೆಂಪಾದವು.

"ಓದು" ಅಂದರು ಅಜ್ಜಾರು. ಈ ಸಲ ದನಿ ಮೆತ್ತಗಿತ್ತು. ತಂಬಿಗೆಯಲ್ಲಿ ನೀರು ತಂದು ಅವನ ಪಕ್ಕಕ್ಕಿಟ್ಟರು.

ಅವನು ಓದಿದ. ಇನ್ನೂ ಕಟ್ಟದ ಕಂತುಗಳು. ಬರಲಿರುವ ತಿಂಗಳುಗಳು, ಬರಲಿರುವ ಯುಗಾದಿ ದೀಪಾವಳಿಗಳು. ಅರವತ್ತನೆಯ ಸಾಲಿಗೆ ಐದು ವರ್ಷ ಮುಗಿಯಿತು. ಬಾಕಿ ಇನ್ನೂ ಹದಿನಾರು ಲಕ್ಷದ ಹತ್ತಿರವೇ ಇತ್ತು. ಬಿಸಿಲು ಜಗಲಿಯಿಂದ ಅಂಗಳಕ್ಕೆ ಇಳಿಯಿತು. ಗಂಟಲು ಒಣಗಿತು. ನೀರು ಕುಡಿದು ಮತ್ತೆ ಓದಿದ.

ಒಂದು ಸಾಲಿನಲ್ಲಿ ತಾನಾಗಿಯೇ ನಿಂತ.

"ಅಜ್ಜಾರ, ಇಲ್ಲಿ ಅಸಲು ದೊಡ್ಡದಾತ್ರಿ. ಬಡ್ಡಿ ಎಂಟು ಸಾವಿರದ ಐವತ್ತೊಂದು, ಅಸಲು ಎಂಟು ಸಾವಿರದ ನೂರಾ ನಲವತ್ನಾಲ್ಕು."

"ಎಷ್ಟನೇ ಕಂತು?"

"ನೂರಾ ನಲವತ್ತೊಂಬತ್ತು."

"ಆವಾಗ ಸುಕನ್ಯಾಗ ಎಷ್ಟು ವರ್ಷ?"

ಫಕೀರೇಶ ಬೆರಳು ಮಡಚಿದ. ಸಾಲ ತಗೊಂಡಾಗ ಮಗಳಿಗೆ ಏಳು. ಅದರ ಮೇಲೆ ಹನ್ನೆರಡು.

"ಹತ್ತೊಂಬತ್ತು" ಅಂದ. ಆ ಅಂಕಿ ಉಳಿದ ಎಲ್ಲ ಅಂಕಿಗಳಿಗಿಂತ ದೊಡ್ಡದಾಗಿ ಕಂಡಿತು. ಎರಡು ಜಡೆಯ ಆ ಹುಡುಗಿ ಹತ್ತೊಂಬತ್ತು ವರ್ಷದ ಹೆಣ್ಣುಮಗಳಾಗಿ ಬಾಗಿಲಲ್ಲಿ ನಿಂತಿದ್ದು ಕಂಡಿತು. ಅಷ್ಟರತನಕ ತಾನು ಎಲ್ಲಿದ್ದೆ ಎನ್ನುವುದು ಮಾತ್ರ ಕಾಣಲಿಲ್ಲ.

ಕೊನೆಯ ಸಾಲು ಮುಗಿದಾಗ ಮಧ್ಯಾಹ್ನವಾಗಿತ್ತು. ಆ ಸಾಲಿಗೆ ಅವನಿಗೆ ಐವತ್ತೊಂಬತ್ತು ವರ್ಷ.

"ಈಗ ಹೇಳು. ಮನಿಗೆ ಎಷ್ಟು ಬಿತ್ತು?"

ಫಕೀರೇಶ ಬಾಯಲ್ಲೇ ಗುಣಿಸಿದ. ಅಜ್ಜಾರು ಕಲಿಸಿದ ಮಗ್ಗಿ.

"ಮೂವತ್ತೆಂಟು ಲಕ್ಷ ಎಂಬತ್ತಾರು ಸಾವಿರದ ಎಂಟು ನೂರು."

"ಮತ್ತ?"

"ಮತ್ತ... ಇಪ್ಪತ್ತು ವರ್ಷ."

ಅಜ್ಜಾರು ಹಾಳೆಗಳನ್ನು ಜೋಡಿಸಿ ಅವನ ಕೈಗೆ ಕೊಟ್ಟರು.

"ಮನಿ ತಗೊಂಡಿದ್ದು ತಪ್ಪೇನ್ರಿ ಅಜ್ಜಾರ?"

"ಯಾರಂದ್ರು? ಹೆಂಡತಿ, ಕೂಸು, ತಲಿ ಮ್ಯಾಲೊಂದು ಸೂರು. ಯಾಕ ತಪ್ಪಾದೀತು?"

"ಹಂಗಾರ ಈಗೇನು ಮಾಡ್ಲಿ?"

"ಆ ಸಣ್ಣ ಅಂಕಿ ಐತಲ್ಲ, ಅಸಲಿಂದು. ಪಾಪ, ಹಸ್ಕೊಂಡೈತಿ. ತಿಂಗಳಾ ಅದಕ್ಕೊಂದು ತುತ್ತು ಹೆಚ್ಚಿಗಿ ಹಾಕು."

ಫಕೀರೇಶನಿಗೆ ತಿಳಿಯಲಿಲ್ಲ. ಕೇಳಲು ಬಾಯಿ ತೆರೆದ. ಅಜ್ಜಾರು ಆಗಲೇ ಒಲೆ ಹಚ್ಚಲು ಎದ್ದಿದ್ದರು.

"ಮತ್ತ ನಿಮ್ಮ ಖೋಲಿ?"

ಅಜ್ಜಾರು ತಿರುಗಿ ಬಂದು ಅವನ ತಲೆಯ ಮೇಲೆ ಕೈಯಿಟ್ಟರು. ಸಣ್ಣವನಿದ್ದಾಗ ಜ್ವರ ಬಂದರೆ ಹೀಗೇ ಇಡುತ್ತಿದ್ದರು.

"ಪ್ರೀತಿಗೆ ಬಡ್ಡಿ ಹಚ್ಚಬ್ಯಾಡೋ ಹುಚ್ಚಪ್ಪಾ. ನೀರು ಏರಿದ್ರ ನಾನಾ ಬಂದು ನಿನ್ನ ಪಡಸಾಲ್ಯಾಗ ಮಲಗ್ತೇನಿ. ಚಾಪಿಗೆ ಸಾಲ ಬೇಕೇನು?"

ಅವತ್ತು ನಾಲ್ಕು ಗಂಟೆಗೆ ಫಕೀರೇಶ ಮನೆಗೆ ಬಂದ. ಅಷ್ಟು ಹೊತ್ತಿಗೆ ಅವನು ಮನೆಗೆ ಬಂದದ್ದೇ ಇರಲಿಲ್ಲ. ದಾಕ್ಷಾಯಣಿ ಹೊಲಿಗೆ ಯಂತ್ರದಿಂದ ಗಾಬರಿಯಾಗಿ ಎದ್ದಳು.

"ಯಾಕ್ರೀ? ಮೈಯಾಗ ಆರಾಮಿಲ್ಲೇನು?"

ಅವನು ಹಾಳೆಗಳನ್ನು ಅವಳ ಮುಂದಿಟ್ಟ. ಅಜ್ಜಾರು ಓದಿಸಿದ್ದನ್ನೆಲ್ಲ ಹೇಳಿದ. ಅವಳು ಕೂತು ತಾನೂ ಓದಿದಳು, ಬಟ್ಟೆ ಅಳೆಯುವ ಟೇಪು ಕೊರಳಲ್ಲೇ ಇತ್ತು. ಮೊದಲ ಹಾಳೆ ಮುಗಿಯುವ ಹೊತ್ತಿಗೆ ಅವಳ ಮುಖ ಬಾಡಿತು.

"ಇದನ್ನ ನಾವು ಆವಾಗ ಯಾಕ ಓದಲಿಲ್ಲ?"

ಫಕೀರೇಶ ನೆನಪು ಮಾಡಿಕೊಂಡ. "ಗ್ವಾಡಿಗೆ ಯಾವ ಬಣ್ಣ ಅಂತ ಆರಸಾಕತ್ತಿದ್ವಿ."

ಇಬ್ಬರೂ ಗೋಡೆ ನೋಡಿದರು. ತಿಳಿ ಹಸಿರು. ಮೂರು ದಿನ ಜಗಳಾಡಿ ಆರಿಸಿದ್ದು. ದಾಕ್ಷಾಯಣಿಗೆ ನಗು ತಡೆಯಲಾಗಲಿಲ್ಲ. ನಗುತ್ತಲೇ ಸೆರಗಿನಿಂದ ಕಣ್ಣು ಒರೆಸಿಕೊಂಡಳು.

"ಹೊಸ ಸಾಲ ತಗೊಂಡ್ರ ನಿಮ್ಮ ಡಬಲ್ ಡ್ಯೂಟಿ ಮುಗಿಯೂದಿಲ್ಲ" ಅಂದಳು. "ಮನ್ನೆ ಸುಕನ್ಯಾ ಸಾಲ್ಯಾಗ ಮನಿ ಚಿತ್ರ ಬರದಿದ್ಲು. ನಾನಿದ್ದೆ, ಅಕಿ ಇದ್ಲು. ಅಪ್ಪ ಎಲ್ಲಿ ಅಂದ್ರ, ಅಪ್ಪ ಬಸ್ಸಿನಾಗ ಅದಾನ, ಬಸ್ಸು ಹಾಳ್ಯಾಗ ಹಿಡೀಲಿಲ್ಲ ಅಂದ್ಲು. ನಿಮಗ ಹೇಳಿರಲಿಲ್ಲ."

ಫಕೀರೇಶ ಎದ್ದು ಚೀಲವನ್ನು ಗೂಟಕ್ಕೆ ತಗುಲಿ ಹಾಕಿದ.

ಆಮೇಲೆ ತನಗೆ ತಿಳಿಯದ ಅಜ್ಜಾರ ಆ ಒಂದು ಮಾತು ಹೇಳಿದ. ಸಣ್ಣ ಅಂಕಿಗೆ ಒಂದು ತುತ್ತು. ದಾಕ್ಷಾಯಣಿ ಅಸಲಿನ ಅಂಕಿಗಳ ಮೇಲೆ ಕೈಯಾಡಿಸಿದಳು.

"ಕಂತಿನ ಮ್ಯಾಲ ಇನ್ನಷ್ಟು ಅಸಲಿಗೇ ಕಟ್ಟಬಹುದೇನು? ನಾ ಮ್ಯಾಲಿನ ಖೋಲಿಗಂತ ತಿಂಗಳಾ ಮೂರು ಸಾವಿರ ತಗದಿಡಾಕತ್ತೇನಲ್ಲ, ಅದನ್ನ."

ಮರುದಿನ ಇಬ್ಬರೂ ಬ್ಯಾಂಕಿಗೆ ಹೋದರು. ಅಲ್ಲಿಯ ಹುಡುಗಿ ಕಂಪ್ಯೂಟರಿನಲ್ಲಿ ಲೆಕ್ಕ ಹಾಕಿ ಹೇಳಿದಳು: "ಪ್ರತಿ ತಿಂಗಳು ಮೂರು ಸಾವಿರ ಹೆಚ್ಚಿಗೆ ಕಟ್ಟಿದ್ರೆ, ಬಡ್ಡಿ ದರ ಹೀಗೇ ಇದ್ರೆ, ಸುಮಾರು ಆರು ವರ್ಷ ಮುಂಚೆ ಸಾಲ ಮುಗಿಯುತ್ತೆ ಸರ್. ಆರೂಮುಕ್ಕಾಲು ಲಕ್ಷ ಉಳಿಯುತ್ತೆ."

"ಆರು ವರ್ಷ?" ದಾಕ್ಷಾಯಣಿ ಕೇಳಿದಳು. ಹಣದ ಮಾತು ಅವಳ ಕಿವಿಗೆ ಬೀಳಲೇ ಇಲ್ಲ.

"ಇದನ್ನ ಮೊದಲಾ ಯಾಕ ಹೇಳಲಿಲ್ಲವ್ವಾ?" ಫಕೀರೇಶ ಕೇಳಿದ.

"ನೀವು ಕೇಳಲಿಲ್ಲ ಸರ್. ಕಂತು ಎಷ್ಟು ಬರುತ್ತೆ ಅಂತ ಮಾತ್ರ ಕೇಳಿದ್ರಿ."

ಹೊಸ ಸಾಲದ ಅರ್ಜಿಯನ್ನು ಅವನು ಅಲ್ಲೇ ವಾಪಸು ಪಡೆದ. ಡಿಪೋಗೆ ಹೋಗಿ ಡಬಲ್ ಡ್ಯೂಟಿಯ ಪಟ್ಟಿಯಿಂದ ಹೆಸರು ತೆಗೆಸಿದ. ಜೊತೆಯವರು, "ಯಾಕಪಾ, ಸಾಲ ತೀರಿತೇನು?" ಎಂದು ಚೇಷ್ಟೆ ಮಾಡಿದರು. "ಇಲ್ರೋ, ಓದಿದೆ" ಅಂದ. ಅವರಿಗೆ ಅರ್ಥವಾಗಲಿಲ್ಲ.

ನಾಲ್ಕು ತಿಂಗಳು ಕಳೆದವು. ಒಂದು ಭಾನುವಾರ, ಫಕೀರೇಶನ ವಾರದ ರಜೆ. ಅಜ್ಜಾರನ್ನು ಮನೆಗೆ ಊಟಕ್ಕೆ ಕರೆತಂದ. ದಾಕ್ಷಾಯಣಿ ಜೋಳದ ರೊಟ್ಟಿ, ಎಣ್ಣೆಗಾಯಿ, ಹೆಸರಿನ ಪಲ್ಯ ಮಾಡಿದ್ದಳು. ಸುಕನ್ಯಾ ಅಜ್ಜಾರ ಕೈ ಹಿಡಿದು ಎರಡು ಕೋಣೆಯ ಮನೆಯನ್ನು ನಾಲ್ಕು ಸಲ ತೋರಿಸಿದಳು.

ಊಟವಾಯಿತು. ಅಜ್ಜಾರು ಪಡಸಾಲೆಯ ಗೋಡೆಗೆ ಒರಗಿ ಕೂತರು. ಸುಕನ್ಯಾ ಅಪ್ಪನ ತೊಡೆಯ ಮೇಲೆ ತಲೆಯಿಟ್ಟು ಏನೋ ಕಥೆ ಹೇಳುತ್ತ ಹೇಳುತ್ತಲೇ ನಿದ್ದೆ ಹೋದಳು. ದಾಕ್ಷಾಯಣಿ ಹೊಸ್ತಿಲಿಗೆ ಕಾಲು ಚಾಚಿ ಎಲೆ ಅಡಿಕೆ ಹಾಕಿಕೊಂಡಳು. ಹೊಲಿಗೆ ಯಂತ್ರದ ಮೇಲೆ ಬಟ್ಟೆ ಹೊದಿಸಿತ್ತು. ಬೀದಿಯಲ್ಲಿ ಯಾರೋ ಸೈಕಲ್ ಗಂಟೆ ಬಾರಿಸುತ್ತ ಹೋದರು.

ಫಕೀರೇಶನ ತೊಡೆ ಜೋಮು ಹಿಡಿಯಿತು. ಆದರೂ ಅಲುಗಲಿಲ್ಲ. ಮಗಳ ಜಡೆಯ ರಿಬ್ಬನ್ನು ಬಿಚ್ಚಿಹೋಗಿತ್ತು. ಅದನ್ನು ಕಟ್ಟಲು ನೋಡಿದ, ಬರಲಿಲ್ಲ, ಬಿಟ್ಟ.

"ಅಜ್ಜಾರ" ಅಂದ ಪಿಸುಮಾತಿನಲ್ಲಿ, "ಒಂದು ಮಾತು ಮನಸಿನಾಗ ಕೊರೀತೈತ್ರಿ. ಆರು ವರ್ಷ ಕಡಿಮಿ ಆದ್ರೂ ಇನ್ನಾ ಹದಿಮೂರು ವರ್ಷ ಐತಿ. ಎಷ್ಟು ಕೂಡಿಸಿ ಕಳದ್ರೂ ಈ ಮನಿ ನಮಗ ತುಟ್ಟಿನಾ ಬಿತ್ತಲ್ರಿ?"

ಅಜ್ಜಾರು ಕಣ್ಣು ಮುಚ್ಚಿಕೊಂಡೇ ಇದ್ದರು.

"ಸುಮ್ನ ಕೂಡೋ, ಕೂಸು ಎದ್ದೀತು. ಹಿಂಗ ಕೂತಷ್ಟೂ ಮನಿ ಅಗ್ಗ ಆಗ್ತೈತಿ."