ಮೇಜಿನ ಮೇಲೆ ಅರಳದ ಹೂವು

‘ಬುದ್ಧಿ, ಒಬ್ಬ ಮನುಷ್ಯ ಎಂಥವನು ಅಂತ ತಿಳಿಯೋದು ಹೇಗೆ?’

ಕೇಳಿದವನು ಪರ್ವತಯ್ಯ. ಮಠಕ್ಕೆ ಸೇರಲು ಬಂದವರನ್ನು ಮೊದಲು ಪರೀಕ್ಷಿಸುವ ಕೆಲಸ ಅವನದು. ಬಂದವರನ್ನು ತನ್ನ ಕೋಣೆಗೆ ಕರೆಸಿ, ಮೇಜಿನ ಎದುರು ಕೂರಿಸಿ, ಆಚಾರವೇನು, ವಚನದ ಅರ್ಥವೇನು, ಮನೆ ಬಿಟ್ಟಿದ್ದೇಕೆ ಎಂದು ಕೇಳುತ್ತಿದ್ದ. ಉತ್ತರ ಕೊಟ್ಟವನು ಮಠದಲ್ಲಿ ಉಳಿಯುತ್ತಿದ್ದ. ಕೊಡದವನು ಮಧ್ಯಾಹ್ನದ ಬಸ್ಸು ಹತ್ತುತ್ತಿದ್ದ.

ಗುರುಗಳು ನಕ್ಕರು. ‘ಪ್ರಶ್ನೆ ಸುಮ್ಮನೆ ಬರೋದಿಲ್ಲ. ಯಾರನ್ನು ಕಂಡು ಬಂತು?’

‘ನಿನ್ನೆ ಬಂದನಲ್ಲ ಚಿಕ್ಕೀರ, ಅವನನ್ನ. ಊರಲ್ಲಿ ಅವನಿಗೆ ಮನೆ ಇಲ್ಲ, ಮಠವನ್ನೇ ನಂಬಿ ಬಂದಿದಾನೆ. ಆದರೆ ನಾನು ಏನು ಕೇಳಿದರೂ ಬಾಯಿಂದ ಮಾತು ಹೊರಡಲಿಲ್ಲ ಬುದ್ಧಿ. ಬೆವರು ಒರೆಸಿಕೊಂಡು ಕೂತ. ನಿನಗೆ ಏನು ಬರುತ್ತೆ ಅಂದರೆ, ದನ ಕರು ನೋಡ್ಕೋತೀನಿ ಅಂದ. ಮಠಕ್ಕೆ ಬಂದು ದನದ ಮಾತಾಡ್ತಾನೆ! ಭಕ್ತನೋ, ದಡ್ಡನೋ, ಅನ್ನಕ್ಕೆ ಬಂದವನೋ, ಯಾವುದಕ್ಕೂ ಸೇರಿಸೋಕೆ ಆಗಲಿಲ್ಲ. ಇವತ್ತಿನ ಬಸ್ಸಿಗೆ ಕಳಿಸೋಣ ಅಂತಿದೀನಿ.’

‘ಬಸ್ಸು ಬರೋದಕ್ಕೆ ಹೊತ್ತಿದೆ, ಕೂತ್ಕೋ’ ಎಂದು ಗುರುಗಳು ಕತೆ ಹೇಳಿದರು.

ಒಂದು ಊರಿನಲ್ಲಿ ಒಬ್ಬ ಸಸ್ಯಪಂಡಿತನಿದ್ದ. ಅವನ ವಶದಲ್ಲಿ ಒಂದು ದೊಡ್ಡ ತೋಟವಿತ್ತು. ಕಡಲಾಚೆಯಿಂದ ಬಂದ ಪಾಪಾಸುಕಳ್ಳಿಗಳೆಲ್ಲ ಅಲ್ಲಿದ್ದವು. ತೋಟಕ್ಕೊಂದು ಕಟ್ಟಳೆಯಿತ್ತು. ಹೆಸರು ಗೊತ್ತಾದ ಗಿಡಕ್ಕೆ ಪಾತಿ, ಗೊತ್ತಾಗದ ಗಿಡಕ್ಕೆ ಹಿತ್ತಿಲ ಗುಂಡಿ. ಕಟ್ಟಳೆ ಮಾಡಿದವನೂ ಅವನೇ.

ಗಿಡದ ಹೆಸರು ತೀರ್ಮಾನವಾಗುತ್ತಿದ್ದುದು ಅವನ ಮೇಜಿನ ಮೇಲೆ. ಮೇಜಿದ್ದ ಕೋಣೆ ಬಲು ತಂಪು. ಕಿಟಕಿಗೆ ಲಾವಂಚದ ತಟ್ಟಿ ಕಟ್ಟಿಸಿದ್ದ. ಗಿಡ ಮೇಜಿಗೆ ಬರಬೇಕೇ ಹೊರತು ಪಂಡಿತ ಗಿಡದ ಬಳಿಗೆ ಹೋಗುತ್ತಿರಲಿಲ್ಲ. ವೈದ್ಯನ ಮನೆಗೆ ರೋಗಿ ಬರುವುದೋ, ರೋಗಿಯ ಮನೆಗೆ ವೈದ್ಯ ಅಲೆಯುವುದೋ ಎಂದು ಕೇಳುತ್ತಿದ್ದ. ಅವನು ಕೆಟ್ಟವನಲ್ಲ. ನಿನ್ನ ಹಾಗೆಯೇ, ಬಹಳ ಕಟ್ಟುನಿಟ್ಟು.

ಒಂದು ದಿನ ಒಬ್ಬ ಹೆಂಗಸು ಸೆರಗಿನ ಮರೆಯಲ್ಲಿ ಒಂದು ಕುಂಡ ತಂದಳು. ಅದರಲ್ಲಿ ತಂಬಿಗೆಯಷ್ಟು ದಪ್ಪನೆಯ ಒಂದು ಕಳ್ಳಿ. ಪುಟ್ಟ ಪೀಪಾಯಿಯ ಹಾಗೆ ಗುಂಡಗೆ ಕೂತಿತ್ತು. ಮೈತುಂಬ ಗೆರೆಗೆರೆಯಾಗಿ ಉಬ್ಬಿದ ಏಣು, ಏಣಿನ ತುಂಬ ಮುಳ್ಳು, ನೆತ್ತಿಯಲ್ಲಿ ಬಿಳಿಯ ಅರಳೆ.

‘ನಮ್ಮ ಯಜಮಾನರು ಸಾಕಿದ್ದು ಸ್ವಾಮಿ’ ಎಂದಳು. ‘ಅವರು ಹೋದರು. ನಾನೀಗ ತಂಗಿ ಮನೆಗೆ ಹೊರಟಿದೀನಿ. ಅಲ್ಲಿ ಮುಳ್ಳಿನ ಗಿಡ ಮನೆಗೆ ಆಗಿಬರಲ್ಲ ಅಂತಾರೆ. ನಿಮ್ಮ ತೋಟದಲ್ಲಿ ಇದಕ್ಕೊಂದು ಎಡೆ ಕೊಡಿ. ಹಳದಿ ಹೂ ಬಿಡುತ್ತೆ. ಅವರು ಇದನ್ನ ಇಡ್ತಿದ್ದ ಜಾಗ ಹೇಳ್ತೀನಿ...’

‘ಜಾಗ ಬೇಡ ತಾಯಿ, ಗಿಡ ಇದ್ದರೆ ಸಾಕು’ ಎಂದ ಪಂಡಿತ. ‘ಹಳದಿ ಹೂವಿನ ಕಳ್ಳಿ ಲೆಕ್ಕವಿಲ್ಲದಷ್ಟಿವೆ. ಯಾವ ಬಳಗದ್ದು ಅಂತ ಗೊತ್ತಾದರೆ ಖಂಡಿತ ಎಡೆ ಕೊಡ್ತೀನಿ.’

ಅವಳು ಕುಂಡಕ್ಕೆ ಕೈಮುಗಿದು ಹೋದಳು.

ಪಂಡಿತ ಗಿಡವನ್ನು ಮೇಜಿನ ಮೇಲಿಟ್ಟು ಭೂತಗನ್ನಡಿ ಹಿಡಿದು ಕೂತ. ಏಣುಗಳನ್ನು ನೋಡಿದರೆ ಗಿಡ ಒಂದು ಬಳಗಕ್ಕೆ ಸೇರಬೇಕು. ಮುಳ್ಳುಗಳನ್ನು ನೋಡಿದರೆ ಇನ್ನೊಂದಕ್ಕೆ. ಬಗೆಹರಿಸುವ ಗುರುತು ಒಂದೇ. ಹೂವಿನ ನಟ್ಟನಡುವೆ ಒಂದು ಸಣ್ಣ ಕಡ್ಡಿಯಿರುತ್ತದೆ. ಅದರ ತುದಿ ಕೆಂಪಾದರೆ ಒಂದು ಬಳಗ, ಹಳದಿಯಾದರೆ ಮತ್ತೊಂದು. ಹೂವು ಅರಳುವವರೆಗೆ ಕಾಯಬೇಕು.

ನೆತ್ತಿಯ ಅರಳೆಯೊಳಗಿಂದ ಮೊಗ್ಗೊಂದು ತಲೆ ಎತ್ತಿತು. ಪಂಡಿತ ಕಾದ. ಬಿಸಿಲು ತಾಗದಂತೆ ತಟ್ಟಿಗೆ ಇನ್ನಷ್ಟು ನೀರು ಹಾಕಿಸಿದ. ಬಾಣಂತಿಯನ್ನು ನೋಡಿಕೊಂಡ ಹಾಗೆ ನೋಡಿಕೊಂಡ. ಮೊಗ್ಗು ಬೆಳೆಯಿತು, ತುಂಬಿತು, ಅರಳದೆ ಬಾಡಿತು.

ಎರಡನೆಯ ಮೊಗ್ಗು ಬಂತು. ಅದೂ ತುಂಬಿ ನಿಂತಿತು, ತುಟಿ ಬಿಚ್ಚಲಿಲ್ಲ. ಪಂಡಿತನಿಗೆ ತಾಳ್ಮೆ ತಪ್ಪಿತು. ಕಿರುಗತ್ತಿ ತೆಗೆದು ಮೊಗ್ಗನ್ನು ಸೀಳಿದ. ಒಳಗೆ ಎಲ್ಲ ಎಳಸು. ಕಡ್ಡಿಯೇನೋ ಇತ್ತು, ಅದರ ತುದಿಗೆ ಇನ್ನೂ ಬಣ್ಣ ಏರಿರಲಿಲ್ಲ. ಬಲಿಯದ ಮೊಗ್ಗನ್ನು ಸೀಳಿದರೆ ಮೊಗ್ಗು ಹೋಗುತ್ತದೆ, ಗುಟ್ಟು ಸಿಗುವುದಿಲ್ಲ. ಅದು ಅವನಿಗೆ ಗೊತ್ತಿದ್ದ ಮಾತೇ. ಆದರೂ ಸೀಳಿದ.

ಮೂರನೆಯ ಮೊಗ್ಗೂ ಹಾಗೇ ಮುಚ್ಚಿಕೊಂಡು ಕೂತಾಗ ಅವನು ಮನಸ್ಸಿನಲ್ಲೇ ತೀರ್ಪು ಕೊಟ್ಟ. ಇದು ಹೂ ಬಿಡುವ ಗಿಡವೇ ಅಲ್ಲ, ಆ ಹೆಂಗಸು ಪ್ರೀತಿಗೆ ಹಾಗೆಂದಳು ಅಷ್ಟೆ. ಬೆಳಗ್ಗೆ ಕುಂಡವನ್ನು ಒಯ್ದು ಹಿತ್ತಿಲ ಗೋಡೆಯ ಮೇಲಿಟ್ಟ. ಗುಂಡಿಗೆ ಕಸ ಸುರಿಯುವ ಆಳು ಬಂದಾಗ ಇದನ್ನೂ ಎತ್ತಿ ಹಾಕಲಿ ಎಂದು ಮನೆಯವರಿಗೆ ಹೇಳಿ, ಮಧ್ಯಾಹ್ನ ಊಟಕ್ಕೆ ಹೋದ.

ನಡು ಬೇಸಿಗೆ. ಕಾಗೆಗಳು ಕೂಡ ನೆರಳು ಹುಡುಕಿಕೊಂಡಿದ್ದವು. ಆಳು ಇನ್ನೂ ಬಂದಿರಲಿಲ್ಲ. ಊಟ ಮುಗಿಸಿದ ಪಂಡಿತ ಕೈತೊಳೆಯಲು ಹಿತ್ತಿಲಿಗೆ ಬಂದ. ಬಂದವನು ಚೊಂಬು ಹಿಡಿದುಕೊಂಡೇ ನಿಂತುಬಿಟ್ಟ.

ಹೂವು ಅರಳಿತ್ತು.

ಗಿಡದಷ್ಟೇ ಅಗಲ ಹೂವು. ಗಿಡವೇ ಕಾಣದ ಹಾಗೆ ಮುಚ್ಚಿತ್ತು. ಎಸಳೆಸಳೂ ರೇಷ್ಮೆ. ಅದು ಬಿಸಿಲಲ್ಲಿ ಇದೆಯೋ, ಬಿಸಿಲೇ ಅದರೊಳಗಿಂದ ಬರುತ್ತಿದೆಯೋ ತಿಳಿಯುತ್ತಿರಲಿಲ್ಲ. ಅಷ್ಟು ಹಳದಿಯ ನಡುವೆ, ಹಣೆಗೆ ಇಟ್ಟ ಕುಂಕುಮದಂತೆ, ಒಂದು ಕೆಂಪು ಬೊಟ್ಟು. ಕಲ್ಲೂ ಸುಡುವ ಆ ಹೊತ್ತಿನಲ್ಲಿ, ಉಳಿದದ್ದೆಲ್ಲ ಬಾಡಿ ಮಲಗಿದಾಗ, ಈ ಮುಳ್ಳಿನ ಮುದ್ದೆ ಒಂದೇ ಮೈಬಿಚ್ಚಿ ನಗುತ್ತಿತ್ತು. ಪಂಡಿತನ ಕಣ್ಣಲ್ಲಿ ನೀರು ಬಂತು. ಅಷ್ಟೊಂದು ಗಿಡಗಳಿಗೆ ಹೆಸರಿಟ್ಟವನು, ಹೂವನ್ನು ಕಂಡು ಅವನು ಅತ್ತದ್ದು ಅದೇ ಮೊದಲು.

ಆದರೆ ಹುಟ್ಟುಗುಣ ಎಲ್ಲಿ ಹೋಗುತ್ತದೆ! ಸರಿಯಾಗಿ ನೋಡೋಣವೆಂದು ಕುಂಡವನ್ನು ಎತ್ತಿಕೊಂಡು ಮೇಜಿಗೆ ಓಡಿದ. ಮನೆಯವರನ್ನೆಲ್ಲ ಕೂಗಿ ಕರೆದ. ಭೂತಗನ್ನಡಿ ಹುಡುಕಿದ, ಒರೆಸಿದ. ಮನೆಯವರು ಬಂದು ಅವನು ಕನ್ನಡಿ ಹಿಡಿಯುವಷ್ಟರಲ್ಲಿ ಎಸಳುಗಳು ಒಂದೊಂದಾಗಿ ಒಳಸರಿದು, ಹೂವು ಮತ್ತೆ ಮೊಗ್ಗಾಗಿತ್ತು. ಎಲ್ಲಿ ಹೂವು ಎಂದು ಮನೆಯವರು ಕೇಳಿದರು.

ಅವನು ಮೇಜನ್ನು ನೋಡಿದ. ತಟ್ಟಿಯನ್ನು ನೋಡಿದ. ಆ ಹೆಂಗಸು ಹೇಳಲು ಹೊರಟಿದ್ದ ಜಾಗದ ಮಾತು ಆಗ ನೆನಪಾಯಿತು.

ಮರುದಿನ ನಡುಹಗಲಿಗೆ ಅವನೇ ಹಿತ್ತಿಲಿಗೆ ಹೋದ. ಕುಂಡವನ್ನು ಅದೇ ಗೋಡೆಯ ಮೇಲಿಟ್ಟು ಬರಿತಲೆಯಲ್ಲಿ ಪಕ್ಕದಲ್ಲಿ ನಿಂತ. ಹೂವು ಅರಳತೊಡಗಿತು. ಬಗ್ಗಿದಾಗ ತನ್ನ ತಲೆಯ ನೆರಳೇ ಅದರ ಮೇಲೆ ಬೀಳುವುದನ್ನು ಕಂಡು, ಸರಿದು ಆಚೆ ಬದಿಗೆ ಹೋಗಿ ಮೊಣಕಾಲೂರಿದ. ಎಲ್ಲಿಂದಲೋ ಒಂದು ಜೇನ್ನೊಣ ಬಂದು ಅವನಿಗಿಂತ ಮೊದಲೇ ಒಳಹೊಕ್ಕಿತು. ಕಡ್ಡಿಯ ತುದಿ ಅಪ್ಪಟ ಕೆಂಪು. ಬಳಗ ತಿಳಿಯಿತು. ಗಿಡಕ್ಕೆ ಪಾತಿ ಸಿಕ್ಕಿತು. ಅಷ್ಟು ಕಾಲ ಗಿಡಗಳನ್ನು ತನ್ನ ಮನೆಗೆ ಕರೆಸಿಕೊಂಡವನು ಅಂದು ಮೊದಲ ಸಲ ಒಂದು ಗಿಡದ ಮನೆಗೆ ನೆಂಟನಾಗಿ ಹೋಗಿದ್ದ.

ಎದ್ದು ನಿಂತಾಗ ಗೋಡೆಯ ಆಚೆ ಗುಂಡಿ ಕಾಣಿಸಿತು. ಹೆಸರು ಗೊತ್ತಾಗಲಿಲ್ಲವೆಂದು ತಾನು ಎಸೆಸಿದ ಗಿಡಗಳೆಲ್ಲ ಅಲ್ಲಿ ಒಣಗಿ ಬಿದ್ದಿದ್ದವು. ಅವುಗಳಲ್ಲಿ ಯಾವುದಕ್ಕೆ ಬಿಸಿಲು ಬೇಕಿತ್ತೋ, ಯಾವುದಕ್ಕೆ ಬಂಡೆಯ ಸಂದು ಬೇಕಿತ್ತೋ, ಇನ್ನು ಕೇಳುವುದು ಯಾರನ್ನು?

ಗುರುಗಳು ಇಲ್ಲಿಗೆ ಕತೆ ನಿಲ್ಲಿಸಿ ಎಲೆಯಡಿಕೆಯ ಚೀಲಕ್ಕೆ ಕೈಹಾಕಿದರು.

ಪರ್ವತಯ್ಯ ತಡೆಯಲಾರದೆ ಕೇಳಿದ. ‘ಆ ಗಿಡ ಕೊನೆಗೆ ಯಾವ ಜಾತಿ ಅಂತಾಯ್ತು ಬುದ್ಧಿ?’

‘ಅಷ್ಟು ಹೂವು ತೋರಿಸಿದರೂ ನಿನಗೆ ಜಾತಿಯ ಚಿಂತೆ!’ ಎಂದು ಗುರುಗಳು ನಕ್ಕರು.

ಅಷ್ಟರಲ್ಲಿ ಮಠದ ಬಾಗಿಲಲ್ಲಿ ಬಸ್ಸಿನ ಹಾರ್ನ್ ಕೇಳಿಸಿತು. ಅಂಗಳದ ಮೂಲೆಯಲ್ಲಿ ಗಂಟು ಹಿಡಿದು ಕೂತಿದ್ದ ಚಿಕ್ಕೀರ ಎದ್ದು ನಿಂತ. ಪರ್ವತಯ್ಯನೂ ಅವನನ್ನು ಹತ್ತಿಸಿ ಬರಲು ಎದ್ದ.

ಗುರುಗಳು ಎಲೆಗೆ ಸುಣ್ಣ ಸವರುತ್ತ, ತಲೆ ಎತ್ತದೆ ಕೇಳಿದರು. ‘ಪರ್ವತಯ್ಯ, ಅವನನ್ನು ಕೊಟ್ಟಿಗೆಯಲ್ಲಿ ಒಂದು ಸಲವಾದರೂ ನೋಡಿದೆಯಾ?’

ಪರ್ವತಯ್ಯ ಬೆವರು ಒರೆಸಿಕೊಂಡು, ಚಿಕ್ಕೀರನನ್ನು ಕೊಟ್ಟಿಗೆಯ ಕಡೆಗೆ ಕರೆದೊಯ್ದ.