ಬ್ರೇಕ್ ಪ್ಯಾಡಿನ ಕಿರುಚಾಟ

ಗುರುಬಸಪ್ಪನವರು ಮನೆಯಂಗಳದಲ್ಲೇ ಕಾರಿಗೆ ಜಾಕ್ ಕೊಟ್ಟು, ಚಕ್ರ ಬಿಚ್ಚಿ, ಸವೆದ ಬ್ರೇಕ್ ಪ್ಯಾಡನ್ನೂ ಅದರ ಉಜ್ಜಾಟಕ್ಕೆ ಗೀರುಬಿದ್ದ ಡಿಸ್ಕನ್ನೂ ಗೋಣಿಚೀಲದ ಮೇಲಿಟ್ಟರು.

“ನಿನ್ನಿಂದ ನನ್ನ ಮೈಯೆಲ್ಲ ಗಾಯವಾಯಿತು. ಸವೆದಿದ್ದೇನೆಂದು ಮೊದಲೇ ಹೇಳಬಾರದಿತ್ತೆ?” ಎಂದು ಡಿಸ್ಕ್ ಕೇಳಿತು.

“ಆಯುಧಪೂಜೆಯ ದಿನದಿಂದ ಕಿರುಚುತ್ತಲೇ ಇದ್ದೆ,” ಎಂದಿತು ಪ್ಯಾಡ್. “ಹಾರ ಹಾಕಿಸಿಕೊಂಡು ಬೀದಿಯಲ್ಲಿ ಹೊರಟಾಗ ಮಾನ ಕಳೆಯಬೇಡ, ಸುಮ್ಮನಿರು ಎಂದು ಗದರಿದ್ದು ನೀನೇ. ಯಜಮಾನರು ರೇಡಿಯೊ ಜೋರು ಮಾಡಿದರು.”

“ಅಂದೇ ನಿನ್ನನ್ನು ಬದಲಿಸಿದ್ದರೆ ನಾನು ಉಳಿಯುತ್ತಿದ್ದೆ,” ಎಂದಿತು ಡಿಸ್ಕ್.

ಗುರುಬಸಪ್ಪನವರು ಹೊಸ ಜೋಡಿ ಕೂರಿಸಿ ಕಾರು ಹೊರಡಿಸಿದರು. ಗೇಟಿನ ಬಳಿ ಬ್ರೇಕ್ ಒತ್ತಿದಾಗ ಹೊಸ ಪ್ಯಾಡ್ ಸಣ್ಣಗೆ ಕಿರ್ರೆಂದಿತು.

“ಸುಮ್ಮನಿರು, ಜನ ನೋಡುತ್ತಾರೆ,” ಎಂದಿತು ಹೊಸ ಡಿಸ್ಕ್.

“ಗದರಬೇಡ, ಅದು ಕಿರುಚಲಿ ಬಿಡು,” ಎಂದು ಹಳೆಯ ಡಿಸ್ಕ್ ಗೋಣಿಚೀಲದ ಮೇಲಿಂದ ಕೂಗಿತು. ಕಾರು ಆಗಲೇ ಬೀದಿಗೆ ಇಳಿದಿತ್ತು.