ಕೊತ್ವಾಲರ ಮನೆಗೆ ಸುಣ್ಣದ ಗೆರೆ

"ನನ್ನ ರಾಜ್ಯದಲ್ಲಿ ಇರುವೆ ಬಂದು ರಕ್ಷಣೆ ಕೇಳಿದರೂ ಕೊಡುತ್ತೇನೆ!" ಎಂದು ಕೋಡಿಹಾಳದ ರುದ್ರನಾಯಕ ತುಂಬಿದ ಸಭೆಯಲ್ಲಿ ಮೀಸೆ ತಿರುವಿದ.

ಇರುವೆ ಬರಲಿಲ್ಲ. ಕುಂಬಾರರ ಹೊನ್ನೂರಮ್ಮ ಬಂದಳು.

"ಬುದ್ಧೀ, ನಾನು ಮಡಕೆ ಸುಡೋ ಹಿತ್ತಿಲು ತನ್ನದು ಅಂತ ಪಾಲಯ್ಯ ದಿನಾ ಬಂದು ಬೇಲಿ ಕೀಳ್ತಾನೆ. ಬೇಲಿ ಮುಗೀತು, ಇನ್ನು ಉಳಿದಿರೋದು ನನ್ನ ಕೈಕಾಲು. ನ್ಯಾಯ ತೀರೋತನಕ ಇಬ್ಬರು ಕಾವಲಿನವರನ್ನ ಕೊಡಿ."

"ಕೊಟ್ಟೆ!" ಎಂದ ನಾಯಕ.

ಊರಿನ ಕಾವಲೆಲ್ಲ ಕೊತ್ವಾಲ ಉಗ್ರಪ್ಪನ ಕೈಯಲ್ಲಿ. ಪಾಲಯ್ಯ ಆ ಉಗ್ರಪ್ಪನ ಬಾಮೈದ. ಆದ್ದರಿಂದ ಕೊತ್ವಾಲರು ಈ ಕೆಲಸವನ್ನು ಬಲು ಶ್ರದ್ಧೆಯಿಂದ ಮಾಡಿಸಿದರು.

ಮರುದಿನವೇ ಕಾವಲಿನವರು ಬಂದರು. ಹಿತ್ತಿಲ ಸುತ್ತ ಸುಣ್ಣದ ಗೆರೆ ಎಳೆದರು. ಹೊನ್ನೂರಮ್ಮನನ್ನು ಗೆರೆಯಿಂದ ಆಚೆಗೆ ತಳ್ಳಿದರು.

"ಕಾವಲು ಕೇಳಿದವಳು ನಾನೇ ಕಣ್ರಪ್ಪಾ!"

"ಕಾಯ್ತಾ ಇದೀವಲ್ಲಮ್ಮಾ, ನಿನ್ನಿಂದ. ವ್ಯಾಜ್ಯದ ಜಾಗ, ಗೆರೆ ದಾಟಿದರೆ ಸೆರೆಮನೆ."

ಒಳಗೆ ನೂರು ಹಸಿ ಮಡಕೆ, ಮೇಲೆ ಕಪ್ಪು ಮೋಡ. ಮಳೆ ಬಿದ್ದರೆ ತಿಂಗಳ ದುಡಿಮೆ ಮತ್ತೆ ಮಣ್ಣು. ಅವಳು ಕೊತ್ವಾಲನ ಬಳಿ ಓಡಿದಳು.

"ಎಷ್ಟು ದಿನ ಸ್ವಾಮೀ?"

"ನಿನ್ನ ಮೊಮ್ಮಕ್ಕಳ ಕಾಲಕ್ಕೆ ವ್ಯಾಜ್ಯ ಮುಗಿದೀತು. ಅವಸರ ಇದ್ದರೆ ಜಾಗ ಪಾಲಯ್ಯನಿಗೆ ಬಿಡು, ಈಗಲೇ ಮುಗಿಯುತ್ತೆ."

ಅಳುತ್ತ ಅವಳು ಆಸ್ಥಾನದ ತಿಪ್ಪಯ್ಯನ ಮನೆಗೆ ಬಂದಳು. ನಾಯಕನನ್ನು ನಗಿಸುವುದೇ ತಿಪ್ಪಯ್ಯನ ಉದ್ಯೋಗ. ಇವತ್ತು ಮಾತ್ರ ಅವನಿಗೆ ನಗು ಬರಲಿಲ್ಲ. ಅಂಗಳಕ್ಕಿಳಿದು ಆಕಾಶ ನೋಡಿದ.

"ಮಳೆಗಿನ್ನೂ ಎರಡು ದಿನ ಇದೆ ಹೊನ್ನೂರಕ್ಕ. ನನಗೆ ಒಂದು ಸಾಕು."

ಬೆಳಿಗ್ಗೆ ಸಭೆಯಲ್ಲಿ ತಿಪ್ಪಯ್ಯ ಉದ್ದಕ್ಕೆ ಅಡ್ಡಬಿದ್ದ. "ಪ್ರಭೂ, ಕೊತ್ವಾಲರು ವಾಸ ಇರುವ ಮನೆ ನಮ್ಮ ಅಜ್ಜನದು. ಕೇಳಿದರೆ ಹೊಡೆದಾರು ಅಂತ ಜೀವಭಯ. ಕಾವಲು ಬೇಕು."

"ಎಲ್ಲೋ ದಾಖಲೆ?" ಎಂದು ಉಗ್ರಪ್ಪ ಗುಡುಗಿದ.

"ಹಿತ್ತಿಲಿಗೆ ಪಾಲಯ್ಯನ ಹತ್ತಿರ ಏನಿದೆಯೋ, ಅದೇ ನನ್ನ ಹತ್ತಿರವೂ ಇದೆ."

"ಅವನ ಹತ್ತಿರ ಏನೂ..." ಎಂದವನು ನಾಲಿಗೆ ಕಚ್ಚಿಕೊಂಡ.

ನಾಯಕನಿಗೆ ತಮಾಷೆ ಅನ್ನಿಸಿತು. "ಇರುವೆಗೇ ಕೊಡುತ್ತೇನೆಂದವನು ನಾನು. ಕೊಟ್ಟೆ!"

ಮಧ್ಯಾಹ್ನ ಉಗ್ರಪ್ಪ ಊಟಕ್ಕೆ ಹೋದರೆ ಮನೆ ಸುತ್ತ ಬೆಳ್ಳಗೆ ಸುಣ್ಣದ ಗೆರೆ. ಅವನದೇ ಆಳುಗಳು ಅವನಿಗೇ ಈಟಿ ಅಡ್ಡ ಹಿಡಿದರು.

"ದಾಟಬಾರದು ಯಜಮಾನ್ರೇ. ನೀವೇ ಕಲಿಸಿದ್ದು."

ಒಳಗಿಂದ ಬೆಳ್ಳುಳ್ಳಿ ಒಗ್ಗರಣೆಯ ಘಮ. ಕಿಟಕಿಯಿಂದ ಹೆಂಡತಿಯ ಕೂಗು: "ಅಲ್ಲೇನು ನಿಂತಿದೀರಿ ಗೂಟದ ಹಾಗೆ? ಮುದ್ದೆ ಆರಿಹೋಗ್ತಿದೆ!"

ಕೊತ್ವಾಲ ಹಸಿದ ಹೊಟ್ಟೆಯಲ್ಲಿ ಅರಮನೆಗೆ ಓಡಿದ. ರುಮಾಲು ದಾರಿಯಲ್ಲೇ ಬಿತ್ತು.

"ಪ್ರಭೂ, ಅದು ನನ್ನ ಮನೆ! ಒಲೆ ನನ್ನದು, ಮುದ್ದೆ ನನ್ನದು! ಯಾರ ಬೆಂಕಿ ಅಲ್ಲಿ ದಿನಾ ಉರಿಯುತ್ತೋ ಅವರದೇ ಜಾಗ, ಇದಕ್ಕೂ ವಿಚಾರಣೆ ಬೇಕೇ?"

"ಬರೆದುಕೊಳ್ಳಿ ಕರಣಿಕರೇ, ಕೊತ್ವಾಲರ ಬಾಯಿಂದ ಬಂದದ್ದು," ಎಂದ ತಿಪ್ಪಯ್ಯ. "ಹಾಗೇ ಸ್ವಾಮೀ, ಇಂಥದೇ ಸುಣ್ಣದ ಗೆರೆ ಎಳೆಸಿ ನೀವು ಕಾಯಿಸುತ್ತಿರುವ ಆ ಹಿತ್ತಿಲಲ್ಲಿ ಮೂವತ್ತು ವರ್ಷದಿಂದ ಉರಿದದ್ದು ಯಾರ ಬೆಂಕಿ, ಅದನ್ನೂ ಅಪ್ಪಣೆ ಕೊಡಿಸಿ."

ಉಗ್ರಪ್ಪ ಸಭೆಯಲ್ಲೇ ಇದ್ದ ಪಾಲಯ್ಯನ ಮುಖ ನೋಡಿದ. ಪಾಲಯ್ಯ ನೆಲ ನೋಡಿದ. ಅಷ್ಟರಲ್ಲಿ ಕೊತ್ವಾಲರ ಹೊಟ್ಟೆ ಇಡೀ ಸಭೆಗೆ ಕೇಳುವಂತೆ ಗುರುಗುಟ್ಟಿತು.

"ಹೊನ್ನೂರಮ್ಮನದು," ಎಂದ ಉಗ್ರಪ್ಪ ಸಣ್ಣ ದನಿಯಲ್ಲಿ.

ನಾಯಕ ಹೊಟ್ಟೆ ಹಿಡಿದು ನಕ್ಕ. "ಹಿತ್ತಿಲು ಅವಳದೇ! ಎರಡೂ ಗೆರೆ ಅಳಿಸಿ. ಪಾಲಯ್ಯ ಕಿತ್ತ ಬೇಲಿಯನ್ನು ಪಾಲಯ್ಯನೇ ಕಟ್ಟಲಿ. ಕಾವಲಿನವರು ಅವನನ್ನು ಕಾಯಲಿ."

ಬಾಗಿಲ ಬಳಿ ನಿಂತಿದ್ದ ಹೊನ್ನೂರಮ್ಮ ನಾಯಕನ ಮಾತು ಮುಗಿಯುವ ಮುಂಚೆಯೇ ಮಡಕೆಗಳಿಗೆ ಬೆಂಕಿ ಹಾಕಲು ಓಡಿದ್ದಳು.

"ತಿಪ್ಪಯ್ಯಾ, ನಿನಗೇನು ಬೇಕು ಕೇಳು."

"ನನಗೇನೂ ಬೇಡ ಪ್ರಭೂ. ಆ ಇರುವೆಗೆ ಮಾತ್ರ ಯಾರಾದರೂ ಹೇಳಿಕಳಿಸಿ: ನಮ್ಮಲ್ಲಿ ರಕ್ಷಣೆ ಕೇಳಿದರೆ ಗೂಡಿನ ಹೊರಗೆ ನಿಲ್ಲಬೇಕಾಗುತ್ತೆ ಅಂತ."